ಸ್ಟಾರ್ಲೆಟ್ ಜಿಟಿ ಟರ್ಬೊ ಮೇಲೆ ಇಂದಿಗೂ ಇಷ್ಟು ಮೋಹವೇಕೆ? ಅದರ ಟ್ಯೂನಿಂಗ್ ಪಾಠ ಬಳ್ಳಾರಿಯ ಬಿಸಿಲಿಗೆ ಹೊಂದುತ್ತದೆಯೇ?

ಪ್ರಶ್ನೆ: ಕೌಲ್‌ಬಜಾರ್, ಬಳ್ಳಾರಿ

ಎಲ್ಲರಿಗೂ ನಮಸ್ಕಾರ. ನನ್ನ ಚಿಕ್ಕಪ್ಪನ ಮಗ ನ್ಯೂಜಿಲೆಂಡಿನ ಆಕ್ಲೆಂಡ್‌ನಲ್ಲಿ ನೆಲೆಸಿದ್ದಾನೆ. ಜಪಾನಿನಲ್ಲಿ ಬಳಸಿದ ಹಳೆಯ ಕಾರುಗಳು ಆ ದೇಶಕ್ಕೆ ದಂಡಿಯಾಗಿ ಆಮದಾಗಿರುವುದರಿಂದ, ನಾವು ಇಲ್ಲಿ ಪತ್ರಿಕೆಗಳಲ್ಲಷ್ಟೇ ನೋಡಿದ ಗಾಡಿಗಳು ಅಲ್ಲಿ ಬೀದಿಯಲ್ಲೇ ನಿಂತಿರುತ್ತವೆ. ಅವನ ಬಳಿ ಟೊಯೊಟಾ ಸ್ಟಾರ್ಲೆಟ್ ಜಿಟಿ ಟರ್ಬೊ ಇದೆ. ಅದರ ಒಳಸಂಕೇತ ಇಪಿ82. ಕಳೆದ ವರ್ಷ ಅಲ್ಲಿಗೆ ಹೋದಾಗ ಆ ಕಾರಿನಲ್ಲಿ ಓಡಾಡಿದೆ, ಸ್ವಲ್ಪ ದೂರ ನಾನೇ ಓಡಿಸಿದೆ.

ನೋಡುವುದಕ್ಕೆ ಅದು ಚಿಕ್ಕ, ಚೌಕಾಕಾರದ, ಮೂರು ಬಾಗಿಲಿನ ಸಾಧಾರಣ ಕಾರು. ಬಾನೆಟ್ ಮೇಲೆ ಗಾಳಿ ಒಳಹೋಗಲು ಒಂದು ಬಾಯಿ ಇರುವುದನ್ನು ಬಿಟ್ಟರೆ ವಿಶೇಷವೇನೂ ಕಾಣುವುದಿಲ್ಲ. ಬಾಗಿಲು ಮುಚ್ಚಿದರೆ ಬರುವ ಸದ್ದಿನಲ್ಲೇ ತಗಡು ಎಷ್ಟು ತೆಳು ಎಂಬುದು ತಿಳಿಯುತ್ತದೆ. ಡ್ಯಾಶ್‌ಬೋರ್ಡ್‌ನಲ್ಲಿ ಟರ್ಬೊ (ಇಂಜಿನ್ನಿಗೆ ಗಾಳಿಯನ್ನು ಒತ್ತಿ ತುಂಬುವ ಸಾಧನ) ಕೊಡುವ ಒತ್ತಡವನ್ನು ಕಡಿಮೆ ಅಥವಾ ಹೆಚ್ಚು ಮಾಡುವ ಒಂದು ಸ್ವಿಚ್ ಇದೆ. ಅದನ್ನು ಹೆಚ್ಚಿನ ಕಡೆಗೆ ಇಟ್ಟು ಮೂರನೇ ಗೇರಿನಲ್ಲಿ ಪೆಡಲ್ ಒತ್ತಿದಾಗ, ಇಂಜಿನ್ ನಿಮಿಷಕ್ಕೆ 3000 ಸುತ್ತು ದಾಟುತ್ತಿದ್ದಂತೆ ಸೀಟು ಬೆನ್ನಿಗೆ ಒತ್ತಿಕೊಂಡಿತು, ಸ್ಟೀರಿಂಗ್ ಕೈಯಲ್ಲಿ ಒಂದಿಷ್ಟು ಎಳೆದಾಡಿತು. ಊರಿಗೆ ಬಂದ ಮೇಲೂ ಆ ಅನುಭವ ಮನಸ್ಸಿನಿಂದ ಹೋಗಿಲ್ಲ.

ನನ್ನಲ್ಲಿರುವುದು 2018ರ ಮಾರುತಿ ಬಲೆನೊ ಆರ್‌ಎಸ್. ಅದೂ ಟರ್ಬೊ ಕಾರೇ, ಅದೂ ಹಗುರವೇ, ನನಗೆ ಅದು ಬಹಳ ಪ್ರಿಯವೂ ಹೌದು. ಆದರೂ ಮೂವತ್ತು ವರ್ಷ ದಾಟಿದ ಆ ಕಾರಿನ ಸೆಳೆತ ಇದಕ್ಕಿಲ್ಲ. ತಿಳಿದವರಲ್ಲಿ ನನ್ನ ಪ್ರಶ್ನೆಗಳು ಹೀಗಿವೆ. ಸ್ಟಾರ್ಲೆಟ್‌ನ ಆಕರ್ಷಣೆಗೆ ಯಂತ್ರದಲ್ಲಿಯೇ ಕಾರಣವಿದೆಯೇ ಅಥವಾ ಹಳೆಯದೆಂಬ ಮಮತೆಯಷ್ಟೆಯೇ? ಅದನ್ನು ಟ್ಯೂನ್ ಮಾಡುವವರು ಯಾವ ಕ್ರಮದಲ್ಲಿ ಕೈ ಹಾಕುತ್ತಾರೆ? ಆ ಕ್ರಮವನ್ನು, ಏಪ್ರಿಲ್–ಮೇ ತಿಂಗಳಲ್ಲಿ 42 ಡಿಗ್ರಿ ಕಾಯುವ ನಮ್ಮ ಊರಿನಲ್ಲಿ, ನನ್ನ ಬಲೆನೊಗೆ ಅನ್ವಯಿಸಬಹುದೇ?

ಉತ್ತರ 1: ಶಕ್ತಿನಗರ, ರಾಯಚೂರು

ಪ್ರಶ್ನೆ ಕೇಳಿದ ಬಳ್ಳಾರಿಯ ಗೆಳೆಯರಿಗೆ ನಮಸ್ಕಾರ. ನನ್ನ ವೃತ್ತಿ ದೊಡ್ಡ ಟರ್ಬೈನುಗಳದ್ದು, ಆದರೆ ಸಣ್ಣ ಟರ್ಬೊ ಇಂಜಿನ್ನುಗಳ ಹುಚ್ಚು ಕಾಲೇಜಿನ ದಿನಗಳಿಂದಲೂ ಇದೆ. ಹಾಗಾಗಿ ಸ್ವಲ್ಪ ವಿಸ್ತಾರವಾಗಿಯೇ ಬರೆಯುತ್ತೇನೆ.

ಆಕರ್ಷಣೆಗೆ ಯಂತ್ರದಲ್ಲಿಯೇ ಕಾರಣವಿದೆ. ಇಪಿ82 ಜಪಾನಿನಲ್ಲಿ ಬಿಡುಗಡೆಯಾದದ್ದು 1989ರ ಡಿಸೆಂಬರಿನಲ್ಲಿ. ಅದರ 4ಇ-ಎಫ್‌ಟಿಇ ಇಂಜಿನ್ನಿನ ಗಾತ್ರ 1331 ಸಿಸಿ; ನಾಲ್ಕು ಸಿಲಿಂಡರ್, ಹದಿನಾರು ವಾಲ್ವ್, ಎರಡು ಕ್ಯಾಮ್‌ಶಾಫ್ಟ್, ಟೊಯೊಟಾದ್ದೇ ಆದ ಸಿಟಿ9 ಎಂಬ ಚಿಕ್ಕ ಟರ್ಬೊ. ಶಕ್ತಿ 135 ಅಶ್ವಶಕ್ತಿ, ಟಾರ್ಕ್ 157 ನ್ಯೂಟನ್ ಮೀಟರ್. ಕಾರಿನ ತೂಕ ಸುಮಾರು 850 ಕಿಲೊ ಎಂದಿಟ್ಟುಕೊಂಡರೆ ಟನ್ನಿಗೆ ಸುಮಾರು 160 ಅಶ್ವಶಕ್ತಿ ಬರುತ್ತದೆ. ನಿಮ್ಮ ಬಲೆನೊ ಆರ್‌ಎಸ್ 950 ಕಿಲೊ ತೂಗುತ್ತದೆ, ಅದರ 998 ಸಿಸಿ ಬೂಸ್ಟರ್‌ಜೆಟ್ ಇಂಜಿನ್ 102 ಅಶ್ವಶಕ್ತಿ ಕೊಡುತ್ತದೆ, ಅಂದರೆ ಟನ್ನಿಗೆ ಸುಮಾರು 107. ಟಾರ್ಕ್ ಎರಡರಲ್ಲೂ ಹೆಚ್ಚುಕಡಿಮೆ ಒಂದೇ, ಬಲೆನೊದ್ದು 150. ಹಾಗಾಗಿ ಊರೊಳಗಿನ ಓಡಾಟದಲ್ಲಿ ನಿಮಗೆ ದೊಡ್ಡ ವ್ಯತ್ಯಾಸ ಕಾಣುವುದಿಲ್ಲ, ಸುತ್ತು ಏರಿದಂತೆಲ್ಲ ಸ್ಟಾರ್ಲೆಟ್ ಮುಂದಕ್ಕೆ ಹೋಗುತ್ತದೆ. ಇಂದಿನ ಟರ್ಬೊ ಕಾರುಗಳನ್ನು ಒತ್ತಡ ಗೊತ್ತೇ ಆಗದಂತೆ ನಯವಾಗಿ ಏರುವ ಹಾಗೆ ರೂಪಿಸುತ್ತಾರೆ. ಆ ಕಾಲದ ಕಾರಿನಲ್ಲಿ ಒತ್ತಡ ಬಂದ ಕ್ಷಣ ಚಾಲಕನಿಗೆ ತಿಳಿಯುತ್ತಿತ್ತು, ನಿಮ್ಮ ಮನಸ್ಸಿನಲ್ಲಿ ಉಳಿದಿರುವುದು ಆ ಕ್ಷಣವೇ.

ಇದು ಒಂಟಿ ಕಾರೂ ಅಲ್ಲ. 1982ರ ಹೋಂಡಾ ಸಿಟಿ ಟರ್ಬೊ, 1987ರ ಡೈಹಟ್ಸು ಶರೇಡ್ ಜಿಟಿಟಿಐ, 1990ರ ನಿಸ್ಸಾನ್ ಪಲ್ಸರ್ ಜಿಟಿಐ-ಆರ್ ಇವೆಲ್ಲ ಒಂದೇ ಪೀಳಿಗೆಯ ಚಿಂತನೆಯಿಂದ ಬಂದವು. ಶರೇಡ್‌ನ ಮೂರು ಸಿಲಿಂಡರಿನ 993 ಸಿಸಿ ಇಂಜಿನ್ ಸುಮಾರು ನೂರು ಅಶ್ವಶಕ್ತಿ ಕೊಡುತ್ತಿತ್ತು. ನಿಮ್ಮ ಬೂಸ್ಟರ್‌ಜೆಟ್‌ನ ಲೆಕ್ಕವೂ ಇಂದು ಅಷ್ಟೇ ಇದೆ ಎಂಬುದನ್ನು ಗಮನಿಸಿ. ನಮಗೆ ಇನ್ನೂ ಹತ್ತಿರದ ಉದಾಹರಣೆಯೊಂದಿದೆ. ನಮ್ಮ ಮನೆಗಳ ಮುಂದೆಲ್ಲ ನಿಂತಿರುತ್ತಿದ್ದ, 1986ರಿಂದ ಬಂದ ಮಾರುತಿ 800 ಜಪಾನಿನ ಎರಡನೇ ತಲೆಮಾರಿನ ಸುಜುಕಿ ಆಲ್ಟೊ. ಅದೇ ಮೈಕಟ್ಟಿನಲ್ಲಿ 1987ರಲ್ಲಿ ಜಪಾನಿನವರಿಗೆ ಆಲ್ಟೊ ವರ್ಕ್ಸ್ ಸಿಕ್ಕಿತು: 543 ಸಿಸಿ, ಟರ್ಬೊ, 64 ಅಶ್ವಶಕ್ತಿ. ನಮ್ಮ 796 ಸಿಸಿ ಕಾರು ಕೊಡುತ್ತಿದ್ದುದು ನಲವತ್ತರ ಒಳಗೆ. ಅಷ್ಟು ಪರಿಚಿತವಾದ ತಗಡಿನೊಳಗೆ ಅಂಥ ಇಂಜಿನ್ ಕೂರುತ್ತಿತ್ತು ಎಂದು ನೆನೆದಾಗಲೆಲ್ಲ ನನಗೆ ಅಚ್ಚರಿಯಾಗುತ್ತದೆ.

ಈಗ ಟ್ಯೂನಿಂಗ್ ವಿಚಾರಕ್ಕೆ ಬರೋಣ. ಸ್ಟಾರ್ಲೆಟ್ ಟ್ಯೂನರುಗಳಿಗೆ ಇಷ್ಟವಾದದ್ದು ಟೊಯೊಟಾ ಅದರಲ್ಲಿ ಬಿಟ್ಟಿದ್ದ ಹೆಚ್ಚುವರಿ ತಾಳಿಕೆಯಿಂದ. ಬ್ಲಾಕ್ ಎರಕದ ಕಬ್ಬಿಣದ್ದು. ಇಪಿ82ರಲ್ಲಿ ಕಂಪ್ರೆಷನ್ ಅನುಪಾತ, ಅಂದರೆ ಸಿಲಿಂಡರಿನೊಳಗೆ ಪಿಸ್ಟನ್ ಮಿಶ್ರಣವನ್ನು ಎಷ್ಟು ಪಟ್ಟು ಒತ್ತುತ್ತದೆ ಎಂಬುದು, 8.2 ಮಾತ್ರ. ನೀವು ನೋಡಿದ ಸ್ವಿಚ್ಚಿನ ಹೆಚ್ಚಿನ ಸ್ಥಾನದಲ್ಲಿಯೂ ಒತ್ತಡ ಸುಮಾರು 0.65 ಬಾರ್ ದಾಟುವುದಿಲ್ಲ. ಅಂದರೆ ಇಂಜಿನ್ ತಾಳಬಲ್ಲ ಮಟ್ಟಕ್ಕಿಂತ ಸಾಕಷ್ಟು ಕೆಳಗೆ ಕಾರ್ಖಾನೆಯವರು ಗೆರೆ ಎಳೆದಿದ್ದಾರೆ. ಆ ಗೆರೆ ಏಕೆ ಅಲ್ಲಿದೆ ಎಂಬುದು ಅರ್ಥವಾಗದೆ ಅದನ್ನು ಅಳಿಸಲು ಹೋಗುವುದೇ ಅನಾಹುತಗಳ ಮೂಲ.

ಕಾರಣ ಶಾಖ. ಗಾಳಿಯನ್ನು ಒತ್ತಿದರೆ ಅದು ಕಾಯುತ್ತದೆ, ಮತ್ತು ಎಷ್ಟು ಕಾಯುತ್ತದೆ ಎಂಬುದನ್ನು ಕಾಗದದ ಮೇಲೆ ಲೆಕ್ಕ ಹಾಕಬಹುದು. ಟರ್ಬೊ ಕಂಪ್ರೆಸರಿನ ದಕ್ಷತೆ ಶೇಕಡ 65 ಎಂದಿಟ್ಟುಕೊಳ್ಳೋಣ. ಹೊರಗಿನ ಗಾಳಿ 20 ಡಿಗ್ರಿ ಇರುವ ಆಕ್ಲೆಂಡಿನಲ್ಲಿ 0.65 ಬಾರ್ ಒತ್ತಡಕ್ಕೆ ಟರ್ಬೊದಿಂದ ಹೊರಬೀಳುವ ಗಾಳಿ ಸುಮಾರು 90 ಡಿಗ್ರಿ ಇರುತ್ತದೆ. ಹೊರಗೆ 42 ಡಿಗ್ರಿ ಇರುವ ಬಳ್ಳಾರಿಯಲ್ಲಿ ಅದೇ ಒತ್ತಡಕ್ಕೆ ಸುಮಾರು 117 ಡಿಗ್ರಿ. ಒತ್ತಡವನ್ನು 1 ಬಾರ್‌ಗೆ ಏರಿಸಿದರೆ ಇಲ್ಲಿ ಅದು 148ರ ಆಸುಪಾಸಿಗೆ ಹೋಗುತ್ತದೆ, ಮತ್ತು ಸಿಟಿ9ರಂಥ ಚಿಕ್ಕ ಟರ್ಬೊವನ್ನು ಅದರ ಅಳತೆ ಮೀರಿ ತಿರುಗಿಸಿದಾಗ ದಕ್ಷತೆ ಇಳಿಯುವುದರಿಂದ ನಿಜವಾದ ತಾಪ ಇನ್ನೂ ಹೆಚ್ಚು. ಟರ್ಬೊದಿಂದ ಬಂದ ಗಾಳಿಯನ್ನು ತಣಿಸುವ ಇಂಟರ್‌ಕೂಲರ್ ಎಷ್ಟೇ ಚೆನ್ನಾಗಿದ್ದರೂ ಆ ಗಾಳಿಯನ್ನು ಹೊರಗಿನ 42 ಡಿಗ್ರಿಗಿಂತ ಕೆಳಗೆ ತರಲಾರದು. ಬಿಸಿ ಗಾಳಿಯಲ್ಲಿ ಆಮ್ಲಜನಕ ಕಡಿಮೆ, ಹಾಗಾಗಿ ಶಕ್ತಿ ಕುಗ್ಗುತ್ತದೆ. ಅದಕ್ಕಿಂತ ಕೆಟ್ಟದ್ದೆಂದರೆ, ಕಿಡಿಯಿಂದ ಹೊತ್ತಿದ ಜ್ವಾಲೆ ತಲುಪುವ ಮೊದಲೇ ಸಿಲಿಂಡರಿನ ಮೂಲೆಯಲ್ಲಿರುವ ಮಿಶ್ರಣ ತಾನಾಗಿ ಸಿಡಿಯುತ್ತದೆ. ಇದೇ ನಾಕಿಂಗ್. ಪಿಸ್ಟನ್ನಿನ ರಿಂಗುಗಳ ನಡುವಿನ ಅಂಚು ಮುರಿಯುವುದು ಬಹುತೇಕ ಇದರಿಂದಲೇ.

ಹೀಗಾಗಿ ಬಲ್ಲವರು ಮೊದಲು ಇಂಜಿನ್ನಿನ ಆರೋಗ್ಯ ಪರೀಕ್ಷಿಸುತ್ತಾರೆ. ನಾಲ್ಕೂ ಸಿಲಿಂಡರುಗಳ ಕಂಪ್ರೆಷನ್ ಸಮನಾಗಿದೆಯೇ, ಟೈಮಿಂಗ್ ಬೆಲ್ಟ್ ಬದಲಾಯಿಸಿ ಎಷ್ಟು ದಿನವಾಗಿದೆ, ಹಳೆಯ ರಬ್ಬರ್ ಹೋಸುಗಳು ಬಿರಿದಿವೆಯೇ ಎಂದು ನೋಡುತ್ತಾರೆ. ನಂತರ ಒತ್ತಡದ ಮಾಪಕ ಮತ್ತು ಗಾಳಿ-ಇಂಧನ ಅನುಪಾತದ ಮಾಪಕ ಕೂರಿಸುತ್ತಾರೆ, ಏಕೆಂದರೆ ಅಳೆಯದೆ ಏರಿಸುವುದು ಕುರುಡು ಕೆಲಸ. ಆಮೇಲೆ ಹೊಗೆ ಸರಾಗವಾಗಿ ಹೊರಹೋಗುವ ಸೈಲೆನ್ಸರ್ ಪೈಪು, ಅದಾದ ಮೇಲೆ ದೊಡ್ಡ ಇಂಟರ್‌ಕೂಲರ್. ಮೂಲ ಇಂಟರ್‌ಕೂಲರ್ ಇಂಜಿನ್ನಿನ ನೆತ್ತಿಯ ಮೇಲೆಯೇ ಕೂತಿರುವುದರಿಂದ ಸಿಗ್ನಲ್ಲಿನಲ್ಲಿ ನಿಂತಾಗ ಇಂಜಿನ್ನಿನ ಶಾಖವನ್ನೇ ಹೀರಿಕೊಳ್ಳುತ್ತದೆ. ಅದನ್ನು ಬಂಪರಿನ ಹಿಂದಕ್ಕೆ, ಎದುರು ಗಾಳಿಗೆ ತರುತ್ತಾರೆ. ಇಷ್ಟಾದ ಮೇಲೆಯೇ ಒತ್ತಡದ ಮಾತು.

ಒಂದು ಭಾಗದ ಬಗ್ಗೆ ಕಟುವಾಗಿಯೇ ಹೇಳಬೇಕು. ಒತ್ತಡ ನಿಗದಿತ ಮಿತಿ ದಾಟಿದರೆ ಟೊಯೊಟಾದ ಕಂಪ್ಯೂಟರ್ ಇಂಧನವನ್ನೇ ನಿಲ್ಲಿಸಿಬಿಡುತ್ತದೆ. ಇದನ್ನು ತಪ್ಪಿಸಲು ಒತ್ತಡದ ಸೆನ್ಸರಿಗೆ ಸುಳ್ಳು ಹೇಳುವ ಸಣ್ಣ ಪೆಟ್ಟಿಗೆಗಳು ಅಗ್ಗಕ್ಕೆ ಸಿಗುತ್ತವೆ. ಸೆನ್ಸರಿಗೆ ಸುಳ್ಳು ಹೇಳಿದರೆ ಗಾಳಿ ಹೆಚ್ಚಾದದ್ದು ಕಂಪ್ಯೂಟರಿಗೆ ತಿಳಿಯುವುದಿಲ್ಲ, ಅದಕ್ಕೆ ತಕ್ಕ ಪೆಟ್ರೋಲ್ ಬರುವುದಿಲ್ಲ, ಮಿಶ್ರಣ ತೆಳುವಾಗಿ ಪಿಸ್ಟನ್ ಕರಗುತ್ತದೆ. ಒತ್ತಡ ಏರಿಸಬೇಕೆಂದರೆ ದೊಡ್ಡ ಇಂಜೆಕ್ಟರುಗಳು, ಅವನ್ನು ನಿಯಂತ್ರಿಸುವ ಸರಿಯಾದ ಇಸಿಯು (ಇಂಜಿನ್ನಿನ ಕಂಪ್ಯೂಟರ್), ಕಾರನ್ನು ಡೈನೊ (ಶಕ್ತಿ ಅಳೆಯುವ ಯಂತ್ರ) ಮೇಲೆ ನಿಲ್ಲಿಸಿ ಹೊಂದಿಸಬಲ್ಲ ಮನುಷ್ಯ, ಈ ಮೂರೂ ಬೇಕು. ಹಣ ಇಲ್ಲದಿದ್ದರೆ ಕಾಯುವುದು ಉತ್ತಮ.

ಉತ್ತರ 2: ಸಿಂಧನೂರು, ರಾಯಚೂರು ಜಿಲ್ಲೆ

ಶಕ್ತಿನಗರದ ಸರ್ ಹಾಕಿದ ಲೆಕ್ಕ ನನಗೆ ಬಹಳ ಇಷ್ಟವಾಯಿತು. ನನ್ನದು ಗ್ಯಾರೇಜು. ಟ್ರ್ಯಾಕ್ಟರ್, ಲಾರಿ, ಭತ್ತದ ಕೊಯ್ಲಿನ ಸಮಯದಲ್ಲಿ ಬರುವ ಕಟಾವು ಯಂತ್ರಗಳು ನನ್ನ ಅನ್ನ. ಅವೆಲ್ಲ ಡೀಸೆಲ್ ಟರ್ಬೊಗಳಾದರೂ ಗಾಳಿ ಮತ್ತು ಶಾಖದ ನಿಯಮ ಬೇರೆಯಲ್ಲ. ಒಂದು ವಿಷಯದಲ್ಲಿ ಮಾತ್ರ ಸರ್ ಅವರಿಗಿಂತ ನನ್ನ ಅಭಿಪ್ರಾಯ ಬೇರೆ ಇದೆ.

ಇಂಟರ್‌ಕೂಲರನ್ನು ಬಂಪರಿನ ಹಿಂದೆ ತಂದರೆ ಅದು ರೇಡಿಯೇಟರಿನ ಎದುರಿಗೆ ನಿಲ್ಲುತ್ತದೆ. ಮೊದಲೇ 42 ಡಿಗ್ರಿ ಇರುವ ಗಾಳಿ ಇಂಟರ್‌ಕೂಲರ್ ಮೂಲಕ ಹಾಯ್ದು ಇನ್ನಷ್ಟು ಕಾದು, ಎಸಿಯ ಕಂಡೆನ್ಸರನ್ನೂ ದಾಟಿ ರೇಡಿಯೇಟರಿಗೆ ಹೋಗುತ್ತದೆ. ನ್ಯೂಜಿಲೆಂಡಿನಲ್ಲಿ ಇದು ದೊಡ್ಡ ಮಾತಲ್ಲ. ನಮ್ಮಲ್ಲಿ ಎಸಿ ಹಾಕಿಕೊಂಡು, ಕುಡಿತಿನಿಯಿಂದ ತೋರಣಗಲ್ಲಿನವರೆಗೆ ಅದಿರಿನ ಲಾರಿಗಳ ಹಿಂದೆ ನಿಧಾನವಾಗಿ ಸಾಗುವಾಗ ಇಂಜಿನ್ನಿನ ನೀರಿನ ತಾಪವೇ ಏರುತ್ತದೆ. ಅದರ ಮೇಲೆ ನಮ್ಮ ಧೂಳು. ಕಟಾವಿನ ಕಾಲದಲ್ಲಿ ಯಂತ್ರದ ರೇಡಿಯೇಟರ್ ಜಾಲರಿಯ ಮೇಲೆ ಹೊಟ್ಟು ಹಾಸಿನಂತೆ ಕೂರುತ್ತದೆ. ಚಾಲಕ ಗಂಟೆಗೊಮ್ಮೆ ಇಳಿದು ಪೊರಕೆ ಆಡಿಸದಿದ್ದರೆ ಮುಳ್ಳು ಕೆಂಪು ಗೆರೆಗೆ ಹೋಗುತ್ತದೆ. ಕಾರಿನ ಇಂಟರ್‌ಕೂಲರಿನ ರೆಕ್ಕೆಗಳ ನಡುವೆ ಕೂರುವ ಧೂಳು ಹೊಟ್ಟಿನಷ್ಟು ಕಾಣುವುದಿಲ್ಲ, ಆದರೆ ಮಾಡುವ ಕೆಲಸ ಅದನ್ನೇ. ಎಣ್ಣೆಯ ಪಸೆ ಇದ್ದರಂತೂ ಅದು ಕೆಸರಾಗಿ ಗಟ್ಟಿಯಾಗುತ್ತದೆ. ಎರೆಭೂಮಿಯ ನುಣ್ಣನೆ ಮಣ್ಣು ಬೇರೆ, ಸಂಡೂರು ಕಡೆಯ ಕೆಂಪು ಅದಿರಿನ ಪುಡಿ ಬೇರೆ. ಎರಡನೆಯದು ಫಿಲ್ಟರಿನ ಕಾಗದವನ್ನು ಬೇಗ ಕಟ್ಟಿಸುತ್ತದೆ.

ಆದ್ದರಿಂದ ಕಾರ್ಖಾನೆಯ ಒತ್ತಡದಲ್ಲಿಯೇ ಓಡಿಸುವವರು ಮೂಲ ಇಂಟರ್‌ಕೂಲರನ್ನು ಇದ್ದ ಜಾಗದಲ್ಲಿಯೇ ಬಿಡಬೇಕು ಎಂಬುದು ನನ್ನ ನಿಲುವು. ಪೈಪು ಗಿಡ್ಡವಿರುವುದರಿಂದ ಪಿಕಪ್ ಬೇಗ ಬರುತ್ತದೆ. ಅದರ ಕೆಳಗೆ ಶಾಖ ತಡೆಯುವ ಒಂದು ತಗಡು ಕೂರಿಸಿ, ಬಾನೆಟ್ಟಿನ ಬಾಯಿಯಿಂದ ಬರುವ ಗಾಳಿ ಅಕ್ಕಪಕ್ಕ ಸೋರದಂತೆ ಸುತ್ತ ಸ್ಪಂಜು ಪಟ್ಟಿ ಹಚ್ಚಿದರೆ ಕಡಿಮೆ ಖರ್ಚಿನಲ್ಲಿ ಒಳ್ಳೆಯ ಲಾಭವಿದೆ. ಏರ್ ಫಿಲ್ಟರನ್ನು ಪೆಟ್ಟಿಗೆಯಿಂದ ತೆಗೆದು ತೆರೆದ ಕೋನ್ ಫಿಲ್ಟರ್ ಹಾಕುವವರಿದ್ದಾರೆ. ಅದರ ಸದ್ದು ಕೇಳಲು ಚೆನ್ನ, ಆದರೆ ಅದು ಬಾನೆಟ್ಟಿನ ಒಳಗಿನ ಕಾದ ಗಾಳಿಯನ್ನೇ ಎಳೆಯುತ್ತದೆ. ನಮ್ಮ ಸೀಮೆಯಲ್ಲಿ ಮುಚ್ಚಿದ ಪೆಟ್ಟಿಗೆ ಮತ್ತು ಕಾಗದದ ಫಿಲ್ಟರಿಗೆ ಸರಿಸಾಟಿ ಇಲ್ಲ.

ಟರ್ಬೊದ ಶಾಫ್ಟು ನಿಮಿಷಕ್ಕೆ ಲಕ್ಷ ಸುತ್ತು ದಾಟಿ ತಿರುಗುವ ವಸ್ತು, ಅದನ್ನು ಹೊತ್ತಿರುವುದು ಎಣ್ಣೆಯ ಒಂದು ತೆಳು ಪದರ. ಹೆದ್ದಾರಿಯಲ್ಲಿ ಜೋರಾಗಿ ಬಂದು ತಕ್ಷಣ ಇಂಜಿನ್ ಆರಿಸಿದರೆ ಬೇರಿಂಗಿನಲ್ಲಿ ನಿಂತ ಎಣ್ಣೆ ಸುಟ್ಟು ಕರಿಯಾಗುತ್ತದೆ. ಮನೆ ಸೇರುವ ಕೊನೆಯ ಒಂದೆರಡು ಕಿಲೊಮೀಟರ್ ನಿಧಾನವಾಗಿ ಬನ್ನಿ, ಅಥವಾ ಒಂದು ನಿಮಿಷ ಇಂಜಿನ್ ನಡೆಯಲು ಬಿಟ್ಟು ಆರಿಸಿ. ಗ್ಯಾರೇಜಿಗೆ ಬರುವ ಸತ್ತ ಟರ್ಬೊಗಳಲ್ಲಿ ಹೆಚ್ಚಿನವು ಎಣ್ಣೆಯ ನಿರ್ಲಕ್ಷ್ಯದಿಂದಲೇ ಸತ್ತಿರುತ್ತವೆ.

ಉತ್ತರ 3: ಕೊಪ್ಪಳ

ವಾಹನ ವಿಮೆಯ ಕ್ಷೇತ್ರದಲ್ಲಿರುವವನಾದ್ದರಿಂದ ಎರಡು ಮಾತು ಸೇರಿಸುತ್ತೇನೆ. ಸ್ಟಾರ್ಲೆಟ್ ಅನ್ನು ಇಲ್ಲಿಗೆ ತರಿಸಬಹುದೇ ಎಂಬ ಪ್ರಶ್ನೆ ಮುಂದೆ ಯಾರಾದರೂ ಕೇಳಿಯೇ ಕೇಳುತ್ತಾರೆ. ಬಳಸಿದ ಕಾರಿನ ಆಮದಿಗೆ ನಮ್ಮ ನಿಯಮ ತಯಾರಾಗಿ ಮೂರು ವರ್ಷ ಮೀರಿರಬಾರದು ಎನ್ನುತ್ತದೆ, ಸುಂಕವೂ ಬಹಳ ಭಾರಿ. 1990ರ ದಶಕದ ಕಾರಿಗೆ ಆ ಬಾಗಿಲು ಮುಚ್ಚಿದೆ. ಅಂದಹಾಗೆ, 1996ರಿಂದ 1999ರವರೆಗೆ ಬಂದ, ಸ್ಟಾರ್ಲೆಟ್‌ನ ಮುಂದಿನ ತಲೆಮಾರಾದ ಇಪಿ91ರ ಟರ್ಬೊ ಮಾದರಿಯ ಹೆಸರು ಗ್ಲಾಂಜಾ ವಿ. 2019ರಲ್ಲಿ ಟೊಯೊಟಾ ನಮ್ಮ ದೇಶದಲ್ಲಿ ಅದೇ ಗ್ಲಾಂಜಾ ಹೆಸರನ್ನು ಮಾರುತಿ ಬಲೆನೊ ಕಾರಿಗೆ ಕೊಟ್ಟಿತು. ಆದರೆ ಅದಕ್ಕೆ ಟರ್ಬೊ ಇಲ್ಲ.

ಇನ್ನು ನಿಮ್ಮ ಬಲೆನೊ ವಿಚಾರ. 1988ರ ಮೋಟಾರು ವಾಹನ ಕಾಯ್ದೆಯ 52ನೇ ಕಲಮಿನ ಪ್ರಕಾರ, ತಯಾರಕರು ಮೂಲದಲ್ಲಿ ನಮೂದಿಸಿದ ವಿವರಗಳಿಗೂ ನೋಂದಣಿ ಪತ್ರದ ವಿವರಗಳಿಗೂ ವ್ಯತ್ಯಾಸ ಬರುವಂತೆ ವಾಹನವನ್ನು ಮಾರ್ಪಡಿಸುವಂತಿಲ್ಲ, ಸುಪ್ರೀಂ ಕೋರ್ಟ್ 2019ರ ಜನವರಿಯಲ್ಲಿ ಇದನ್ನು ಸ್ಪಷ್ಟಪಡಿಸಿದೆ. ಇಂಜಿನ್ ಬದಲಿಸುವುದು, ಕಿವಿಗಡಚಿಕ್ಕುವ ಸೈಲೆನ್ಸರ್ ಹಾಕುವುದು ತೊಂದರೆಗೆ ಆಹ್ವಾನ. ಶಕ್ತಿ ಹೆಚ್ಚಿಸುವ ಯಾವುದೇ ಬದಲಾವಣೆಯನ್ನು ವಿಮಾ ಕಂಪನಿಗೆ ಬರವಣಿಗೆಯಲ್ಲಿ ತಿಳಿಸಿ ಉತ್ತರ ಪಡೆಯಿರಿ. ತಿಳಿಸದೆ ಮಾಡಿದ ಬದಲಾವಣೆ, ಅಪಘಾತವಾದಾಗ ಪರಿಹಾರ ನಿರಾಕರಿಸಲು ಅವರಿಗೆ ಸಿಗುವ ಸುಲಭದ ಕಾರಣ. ವಾರಂಟಿ ಉಳಿದಿದ್ದರೆ ಅದೂ ಹೋಗುತ್ತದೆ.

ಪ್ರಶ್ನೆ ಕೇಳಿದವರು: ಕೌಲ್‌ಬಜಾರ್, ಬಳ್ಳಾರಿ

ಮೂವರಿಗೂ ಹೃತ್ಪೂರ್ವಕ ಧನ್ಯವಾದಗಳು. ಸಿಂಧನೂರಿನ ಅಣ್ಣ ಹೇಳಿದ ಧೂಳಿನ ಮಾತು ನನಗೆ ಹೊಸದು, ನಾಳೆಯೇ ಬಂಪರಿನ ಒಳಗೆ ಟಾರ್ಚ್ ಹಾಕಿ ನೋಡುತ್ತೇನೆ. ಇನ್ನೊಂದು ಸಂದೇಹ ಉಳಿದಿದೆ. ಬೆಂಗಳೂರಿನಲ್ಲಿ ಬಲೆನೊ ಆರ್‌ಎಸ್‌ಗೆ ಇಸಿಯು ರೀಮ್ಯಾಪ್ ಮಾಡಿಕೊಡುವವರಿದ್ದಾರೆ, ಯುರೋಪಿನಲ್ಲಿ ಇದೇ ಇಂಜಿನ್ 111 ಅಶ್ವಶಕ್ತಿ ಕೊಡುತ್ತಿತ್ತು ಎನ್ನುತ್ತಾರೆ. ಈಗ ಬಂಕಿನಲ್ಲಿ ಸಿಗುತ್ತಿರುವುದು ಶೇಕಡ 20 ಎಥೆನಾಲ್ ಬೆರೆತ ಪೆಟ್ರೋಲ್. ಇವೆರಡನ್ನೂ ಲೆಕ್ಕಕ್ಕೆ ತೆಗೆದುಕೊಂಡರೆ ಏನು ಸಲಹೆ ಕೊಡುತ್ತೀರಿ?

ಉತ್ತರ 4: ಶಕ್ತಿನಗರ, ರಾಯಚೂರು

ಮೊದಲು ಸಿಂಧನೂರಿನವರ ಮಾತಿಗೆ. ಕಾರ್ಖಾನೆಯ ಒತ್ತಡಕ್ಕೆ ಮೂಲ ಇಂಟರ್‌ಕೂಲರ್ ಸಾಕು ಎಂಬುದನ್ನು ಪೂರ್ತಿ ಒಪ್ಪುತ್ತೇನೆ. ನಾನು ಬರೆದದ್ದು ಒತ್ತಡ ಏರಿಸಲು ಹೊರಟವರನ್ನು ಕುರಿತು, ಅವರೂ ರೇಡಿಯೇಟರ್ ಮತ್ತು ಫ್ಯಾನನ್ನು ದೊಡ್ಡದು ಮಾಡದೆ ಮುಂದಿನ ಇಂಟರ್‌ಕೂಲರಿಗೆ ಕೈ ಹಾಕಬಾರದು.

111 ಅಶ್ವಶಕ್ತಿಯ ಮಾತು ನಿಜ, ಆದರೆ ಅಲ್ಲಿಯ ಹವೆ ನಮ್ಮದಲ್ಲ. ರೀಮ್ಯಾಪ್ ಎಂದರೆ ಸಾಮಾನ್ಯವಾಗಿ ಒತ್ತಡ ಮತ್ತು ಕಿಡಿಯ ಸಮಯ ಎರಡನ್ನೂ ಮುಂದೊತ್ತುವುದು. ನಿಮ್ಮ ಇಂಜಿನ್ನಿನಲ್ಲಿ ನಾಕಿಂಗ್ ಕಂಡ ಕೂಡಲೇ ಕಂಪ್ಯೂಟರ್ ಕಿಡಿಯ ಸಮಯವನ್ನು ಹಿಂದಕ್ಕೆ ಸರಿಸುತ್ತದೆ. ಹೀಗಾಗಿ ಡಿಸೆಂಬರಿನ ಬೆಳಿಗ್ಗೆ ಬೆಂಗಳೂರಿನಲ್ಲಿ ಸಿಕ್ಕ ಹೆಚ್ಚುವರಿ ಶಕ್ತಿ ಮೇ ತಿಂಗಳ ಮಧ್ಯಾಹ್ನ ಬಳ್ಳಾರಿಯಲ್ಲಿ ಬಹುಪಾಲು ಮಾಯವಾಗಿರುತ್ತದೆ, ಶಾಖ ಮಾತ್ರ ಉಳಿದಿರುತ್ತದೆ.

ಎಥೆನಾಲ್ ವಿಷಯದಲ್ಲಿ ಒಳ್ಳೆಯದೂ ಇದೆ, ಕೆಟ್ಟದ್ದೂ ಇದೆ. ಅದು ಆವಿಯಾಗುವಾಗ ಪೆಟ್ರೋಲಿಗಿಂತ ಹೆಚ್ಚು ಶಾಖ ಹೀರುತ್ತದೆ, ನಾಕಿಂಗ್ ತಡೆಯುವ ಗುಣವೂ ಹೆಚ್ಚು. ಸಿಲಿಂಡರಿನೊಳಕ್ಕೇ ನೇರವಾಗಿ ಪೆಟ್ರೋಲ್ ಚಿಮ್ಮುವ ನಿಮ್ಮ ಇಂಜಿನ್ನಿಗೆ ಇದು ಅನುಕೂಲ. ಆದರೆ ಅದೇ ಗಾಳಿಗೆ ಶೇಕಡ 8ರಷ್ಟು ಹೆಚ್ಚು ಇಂಧನ ಬೇಕಾಗುತ್ತದೆ, ಮೈಲೇಜ್ ಇಳಿಯುತ್ತದೆ, ಹಿಂದಿನ ಕಾಲದ ರಬ್ಬರ್ ಭಾಗಗಳಿಗೆ ಅದು ಆಗಿಬರುವುದಿಲ್ಲ. 2018ರ ಕಾರಿನ ಹೋಸುಗಳನ್ನು ಪ್ರತಿ ಸರ್ವಿಸಿನಲ್ಲಿ ಬೆರಳಿಂದ ಒತ್ತಿ ನೋಡಲು ಹೇಳಿ; ಮೆತ್ತಗಾಗಿದ್ದರೆ ಅಥವಾ ಬಿರಿದಿದ್ದರೆ ಬದಲಿಸಿ.

ಸ್ಟಾರ್ಲೆಟ್‌ನವರಿಗೆ ಇಲ್ಲದ ಒಂದು ಅಪಾಯ ನಿಮಗಿದೆ. ನೇರ ಇಂಜೆಕ್ಷನ್ನಿನ ಸಣ್ಣ ಟರ್ಬೊಗಳಲ್ಲಿ, ಕಡಿಮೆ ಸುತ್ತಿನಲ್ಲಿ ಪೂರ್ತಿ ಪೆಡಲ್ ಒತ್ತಿದಾಗ ಕಿಡಿ ಬರುವ ಮೊದಲೇ ಮಿಶ್ರಣ ಹೊತ್ತಿಕೊಳ್ಳುವುದುಂಟು. ಎಣ್ಣೆಯ ಹನಿಗಳು ಸಿಲಿಂಡರ್ ಸೇರುವುದು ಇದಕ್ಕೊಂದು ಕಾರಣ. ಹಾಗಾಗಿ ಕಂಪನಿ ಹೇಳಿದ ದಪ್ಪದ್ದೇ ಆದ, ಎಪಿಐ ಎಸ್‌ಪಿ ದರ್ಜೆಯ ಎಣ್ಣೆ ಬಳಸಿ, ಈ ದರ್ಜೆಯಲ್ಲಿ ಆ ತೊಂದರೆಗೂ ಪರೀಕ್ಷೆ ಇದೆ. ನಾಲ್ಕನೇ, ಐದನೇ ಗೇರಿನಲ್ಲಿ 1500 ಸುತ್ತಿನಲ್ಲಿದ್ದಾಗ ಪೆಡಲನ್ನು ಪೂರ್ತಿ ತುಳಿಯಬೇಡಿ, ಒಂದು ಗೇರ್ ಇಳಿಸಿ ತುಳಿಯಿರಿ. ಅದೇ ಎಳೆತ ನಿಮ್ಮ ಕಾರಿನಲ್ಲಿಯೂ ಆಗ ಸಿಗುತ್ತದೆ.

ರೀಮ್ಯಾಪಿಗೆ ಹಣ ಕೊಡುವ ಮೊದಲು ಒಂದು ಕೆಲಸ ಮಾಡಿ. ಡಯಾಗ್ನೋಸ್ಟಿಕ್ ಸಾಕೆಟ್ಟಿಗೆ ಹಾಕುವ ಚಿಕ್ಕ ಸ್ಕ್ಯಾನರ್ ಒಂದನ್ನು ಕೊಂಡು, ಬೇಸಿಗೆಯ ಮಧ್ಯಾಹ್ನ ಮೂರರ ಹೊತ್ತಿಗೆ ಹೊಸಪೇಟೆ ರಸ್ತೆಯಲ್ಲಿ ಇಂಜಿನ್ ಸೇರುವ ಗಾಳಿಯ ತಾಪ, ಕಿಡಿಯ ಸಮಯ ಮತ್ತು ನೀರಿನ ತಾಪ ದಾಖಲಿಸಿಕೊಳ್ಳಿ. ಗಾಳಿಯ ತಾಪದ ಸೆನ್ಸರ್ ಇಂಟರ್‌ಕೂಲರಿನ ಮೊದಲೋ ನಂತರವೋ ಎಂಬುದನ್ನು ವರ್ಕ್‌ಶಾಪ್ ಮ್ಯಾನುಯಲ್‌ನಲ್ಲಿ ನೋಡಿಕೊಂಡರೆ ಅಂಕಿಯ ಅರ್ಥ ಸ್ಪಷ್ಟವಾಗುತ್ತದೆ. ಇಂಟರ್‌ಕೂಲರ್ ತೊಳೆಸಿದ ಮೇಲೆ ಅದೇ ರಸ್ತೆಯಲ್ಲಿ, ಅದೇ ಹೊತ್ತಿಗೆ ಮತ್ತೊಮ್ಮೆ ದಾಖಲಿಸಿ ಎರಡೂ ಪಟ್ಟಿಗಳನ್ನು ಇಲ್ಲಿ ಹಾಕಿ. ತೊಳೆಸಿದ ಮೇಲೆಯೂ ಕಿಡಿಯ ಸಮಯ ಹಿಂದೆ ಸರಿಯುತ್ತಲೇ ಇದ್ದರೆ ರೀಮ್ಯಾಪ್ ಬೇಡ. ಆ ಹಣದಲ್ಲಿ ಒಳ್ಳೆಯ ಟೈರು ಮತ್ತು ಬ್ರೇಕ್ ಪ್ಯಾಡು ಹಾಕಿಸಿ.